ಸದ್ಯಕ್ಕೆ ಬಿದ್ದಿದೆ

"ಬಡ್ಡಿ ದರವನ್ನು ಏರಿಸುವ ಅಗತ್ಯ..." ಓದಮ್ಮ ಅಲ್ಲಿಗೇ ನಿಲ್ಲಿಸಿ ಕನ್ನಡಕದ ಮೇಲಿಂದ ನೋಡಿದರು. "ಅವತ್ತು ಓದಿದ ಹಾಗೇ ಓದಬೇಕಾ? ಚುಕ್ಕೆ, ಕಾಮಾ ಎಲ್ಲಾ ಸೇರಿಸಿ?"

"ಎಲ್ಲಾ ಸೇರಿಸಿ," ಅಂದಳು ಜೇಬು. "ಕೆಮ್ಮಿದ್ದರೆ ಕೆಮ್ಮೂ ಬೇಕು."

ಜೇಬು ಅವಳ ಹೆಸರಲ್ಲ. ಒಂಬತ್ತು ವರ್ಷ ಸಿಟಿ ಬಸ್ಸುಗಳಲ್ಲಿ ಜೇಬುಗಳ್ಳರ ಕೈ ಹಿಡಿದ ಇನ್ಸ್‌ಪೆಕ್ಟರಿಗೆ ಠಾಣೆಯವರು ಇಟ್ಟ ಹೆಸರು. ಮೂರು ತಿಂಗಳ ಹಿಂದೆ ಹಣಕಾಸು ಅಪರಾಧದ ವಿಭಾಗಕ್ಕೆ ಹಾಕಿದಾಗ ಹೆಸರೂ ಹಿಂದೆಯೇ ಬಂತು. "ಅಲ್ಲಿ ಸಣ್ಣ ಜೇಬು, ಇಲ್ಲಿ ದೊಡ್ಡ ಜೇಬು, ಅಷ್ಟೇ ವ್ಯತ್ಯಾಸ," ಎಂದು ಅವಳ ಸಾಹೇಬರು ನಕ್ಕಿದ್ದರು.

ಇವತ್ತು ಬೆಳಿಗ್ಗೆ ಸಾಹೇಬರು ನಗಲಿಲ್ಲ. ದಲ್ಲಾಳಿಯ ಫೋನಿಗೆ ಬಂದ ಮೆಸೇಜಿನ ಪ್ರತಿಯನ್ನು ಅವಳ ಕಡೆ ತಳ್ಳಿ, "ಇನ್ನೊಂದು ಸಲ ಓದಿ ಹೇಳು," ಅಂದರು. ಅವರ ಕನ್ನಡಕ ಯಾವತ್ತೂ ಇರಬೇಕಾದ ಕಡೆ ಇರುವುದಿಲ್ಲ. ಅವಳು ಓದಿದಳು. ಅವರು ಗೋಡೆಯ ಗಡಿಯಾರ ನೋಡಿದರು. "ನಾಲ್ಕು ಗಂಟೆ ತನಕ ಕೇಸು ನಿನ್ನದು. ಸಂಬಂಧ ಇದೆ ಅಂತ ನೀನೇ ಬರೆದುಕೊಟ್ಟಿದ್ದೀಯ, ನಾನೇನೂ ಮಾಡೋಕಾಗಲ್ಲ. ನಾಲ್ಕಕ್ಕೆ ಬೇರೆಯವರಿಗೆ ಹೋಗುತ್ತೆ. ಅವರು ಮಾಡೋ ಮೊದಲನೇ ಕೆಲಸ ನಿನ್ನ ಭಾವನ್ನ ಒಳಗೆ ಹಾಕೋದು."

ಆ ಭಾವ ಈಗ ಮೇಜಿನ ಆಚೆ, ಕೆಂಪು ಪೆನ್ಸಿಲು ಹಿಡಿದು ಕೂತಿದ್ದರು. ದೇಶದ ಕೇಂದ್ರ ಬ್ಯಾಂಕಿನ ಪ್ರೂಫ್ ರೀಡರು. ಮಾತು ಕಡಿಮೆ, ಸಕ್ಕರೆ ಕಾಯಿಲೆ, ಎರಡು ಅಂಗಿ.

ನಡೆದದ್ದಿಷ್ಟು. ಎಂಟು ದಿನದ ಹಿಂದೆ ಬ್ಯಾಂಕಿನ ಬಡ್ಡಿ ಹೇಳಿಕೆ ಹನ್ನೊಂದು ಗಂಟೆಗೆ ಹೊರಬೀಳುವುದಿತ್ತು. ಅದಕ್ಕೆ ನಲವತ್ತು ನಿಮಿಷ ಮುಂಚೆ ಬಾಂಡು, ಅಂದರೆ ಸಾಲಪತ್ರ, ಕೊಂಡು ಮಾರುವ ಒಬ್ಬ ದಲ್ಲಾಳಿಯ ಫೋನಿಗೆ, ಯಾರ ಹೆಸರಲ್ಲೂ ಇಲ್ಲದ ನಂಬರಿನಿಂದ, ಎರಡು ಪದ ಬಂದವು.

*ಸಧ್ಯಕ್ಕೆ ಬಿದ್ದಿದೆ.*

ಬಡ್ಡಿ ದರ ಸದ್ಯಕ್ಕೆ ಬಿದ್ದಿದೆ ಎಂದು ದಲ್ಲಾಳಿ ಅರ್ಥ ಮಾಡಿಕೊಂಡ. ದರ ಬಿದ್ದರೆ ಸಾಲಪತ್ರದ ಬೆಲೆ ಏರುತ್ತದೆ ಎಂದು ಕೈಗೆ ಸಿಕ್ಕಷ್ಟು ಸರ್ಕಾರಿ ಸಾಲಪತ್ರ ಕೊಂಡ. ಹನ್ನೊಂದಕ್ಕೆ ನೋಡಿದರೆ ದರ ಬಿದ್ದಿರಲಿಲ್ಲ, ಇದ್ದಲ್ಲೇ ಇತ್ತು. ಆದರೂ ಸಾಲಪತ್ರದ ಬೆಲೆ ಏರಿತು. ತಪ್ಪು ಓದಿ ಗೆದ್ದ ಪುಣ್ಯಾತ್ಮ.

ಅಂದಿನಿಂದ ಹಣಕಾಸು ಸಚಿವಾಲಯದವರು ಬ್ಯಾಂಕಿನೊಳಗಿಂದ ಗುಟ್ಟು ಸೋರಿದೆ ಎನ್ನುತ್ತಿದ್ದಾರೆ. ಬ್ಯಾಂಕಿನವರು, ದರ ಬಿದ್ದೇ ಇಲ್ಲ, ಇದು ಯಾರೋ ಹಬ್ಬಿಸಿದ ಸುಳ್ಳು ಎನ್ನುತ್ತಿದ್ದಾರೆ.

"ಓದಿ," ಅಂದಳು ಜೇಬು.

ಓದಮ್ಮನದು ದೊಡ್ಡ ಗಂಟಲು. ಮೂವತ್ತು ವರ್ಷದಿಂದ ಅವರ ಕೆಲಸ ಇದೇ: ಅವರು ಮೂಲ ಪ್ರತಿಯನ್ನು ಮತ್ತೆ ಮತ್ತೆ ಜೋರಾಗಿ ಓದಬೇಕು, ಭಾವ ಅಚ್ಚಾದ ಪ್ರತಿಯನ್ನು ನೋಡುತ್ತಾ ತಿದ್ದಬೇಕು. ಕೋಣೆ ಎಂದರೆ ಪೆಟ್ಟಿಗೆಯಂಥ ಕೋಣೆ. ಕಿಟಕಿಯಿಲ್ಲ. ಒಂದು ಮೇಜು, ಎರಡು ಕುರ್ಚಿ, ಒಂದು ಟ್ಯೂಬ್‌ಲೈಟು, ಸೂರಿನ ಹತ್ತಿರ ಧೂಳು ಕಟ್ಟಿದ ಗಾಳಿಕಿಂಡಿ. ಹೇಳಿಕೆಯ ದಿನ ಬೆಳಿಗ್ಗೆ ಎಂಟಕ್ಕೆ ಇಬ್ಬರ ಫೋನೂ ಕಿತ್ತುಕೊಂಡು ಒಳಗೆ ಬಿಟ್ಟು ಬೀಗ ಹಾಕಿದರೆ ಹನ್ನೊಂದಕ್ಕೇ ತೆಗೆಯುವುದು. ನಡುವೆ ಬಾಗಿಲು ತೆಗೆಸುವ ಅಧಿಕಾರ ಉಪಗವರ್ನರ್ ಒಬ್ಬರಿಗೆ ಮಾತ್ರ. ಬಾಗಿಲಲ್ಲಿ ಕೊರೆದ ಕಿಂಡಿಯಿಂದ ನೀರು, ಊಟ ಒಳಗೆ ಹೋಗುತ್ತದೆ, ಅಷ್ಟೆ.

"ಬಡ್ಡಿ ದರವನ್ನು ಏರಿಸುವ ಅಗತ್ಯ," ಓದಮ್ಮ ಓದಿದರು, "ಸದ್ಯಕ್ಕೆ ಬಿದ್ದಿದೆ, ಕಾಣುತ್ತಿಲ್ಲ, ಚುಕ್ಕೆ."

ಜೇಬು ಗೋಡೆಗೆ ಒರಗಿದ್ದವಳು ನೆಟ್ಟಗಾದಳು.

"ಏನಂದ್ರಿ?"

"ಕಾಣುತ್ತಿಲ್ಲ, ಚುಕ್ಕೆ."

"ಅದಕ್ಕೆ ಮುಂಚೆ."

"ಸದ್ಯಕ್ಕೆ ಬಿದ್ದಿದೆ."

"ಏನು ಬಿದ್ದಿದೆ?"

"ಅಯ್ಯೋ, ಅದೇ ಪದ! 'ಸದ್ಯಕ್ಕೆ' ಅನ್ನೋ ಪದ." ದಡ್ಡ ಹುಡುಗಿಗೆ ಮಗ್ಗಿ ಹೇಳಿಕೊಡುವವರ ಹಾಗೆ ಓದಮ್ಮ ಕಾಗದ ತಿರುಗಿಸಿ ತೋರಿಸಿದರು. "ಒಂದು ವರ್ಷದಿಂದ ಪ್ರತಿ ಹೇಳಿಕೆಯಲ್ಲೂ 'ಏರಿಸುವ ಅಗತ್ಯ ಸದ್ಯಕ್ಕೆ ಕಾಣುತ್ತಿಲ್ಲ' ಅಂತ ಇರ್ತಿತ್ತು. ಈ ಸಲ ಗವರ್ನರು ಕೊನೇ ಗಳಿಗೆಯಲ್ಲಿ 'ಸದ್ಯಕ್ಕೆ' ಹೊಡೆದು ಹಾಕಿದ್ರು. ಹೊಡೆದ ಪದಕ್ಕೆ ನಾವು 'ಬಿದ್ದಿದೆ' ಅಂತೀವಿ. ಸೇರಿಸಿದ್ದಕ್ಕೆ 'ಎದ್ದಿದೆ'. ಇದು ನಮ್ಮಿಬ್ಬರ ಭಾಷೆ. ಇವರು ಮನೇಲೂ ಹಾಗೇ ಅಂತೆ. ಗೋಡೆಯಿಂದ ಫೋಟೋ ತೆಗೆದು 'ಫೋಟೋ ಬಿದ್ದಿದೆ' ಅಂದರೆ ಹೆಂಡತಿ ಪೊರಕೆ ಹಿಡಿದು ಓಡಿ ಬಂದಿದ್ದರಂತೆ."

ಭಾವ ನಗಲಿಲ್ಲ. ಪೆನ್ಸಿಲಿನ ಮೊನೆ ನೋಡುತ್ತಿದ್ದರು.

ಮೆಸೇಜು ಸುಳ್ಳಲ್ಲ. ದರ ಬಿದ್ದಿದೆ ಎಂದು ಅದು ಹೇಳಿರಲೇ ಇಲ್ಲ. 'ಸದ್ಯಕ್ಕೆ' ಎಂಬ ಪದ ಬಿದ್ದಿದೆ ಎಂದು ಹೇಳಿತ್ತು. ಅಂದರೆ, ಇನ್ನು ದರ ಏರಿಸುವ ಯೋಚನೆಯೇ ಇಲ್ಲ. ಇಡೀ ಪೇಟೆಯನ್ನು ಮೇಲೆತ್ತಿದ್ದು ಆ ಒಂದು ಪದ ಇಲ್ಲದಿರುವುದು. ಅಕ್ಷರಕ್ಕೆ ಅಕ್ಷರ ನಿಜವಾದ ಮಾತು, ನೇರವಾಗಿ ಈ ಕೋಣೆಯಿಂದ ಹೊರಗೆ ಹೋಗಿತ್ತು. ಈ ಕೋಣೆಯ ಭಾಷೆಯಲ್ಲೇ.

ಭಾವನನ್ನು ಬಿಡಿಸಲು ಬಂದವಳು ಹಗ್ಗಕ್ಕೆ ಇನ್ನೊಂದು ಗಂಟು ಹಾಕಿದ್ದಳು.

ಅವಳು ಜೇಬಿನಿಂದ ಮೆಸೇಜಿನ ಪ್ರತಿ ತೆಗೆದು ಓದಮ್ಮನ ಮುಂದೆ ಹಿಡಿದಳು. ಎಂಟು ದಿನದಲ್ಲಿ ಯಾರೂ ಅದನ್ನು ಆಕೆಗೆ ತೋರಿಸಿರಲಿಲ್ಲ.

"ಥೂ!" ಅಂದರು ಓದಮ್ಮ. "ಹೊಟ್ಟೆ ಸೀಳಿದ ಧ ಹಾಕಿದ್ದಾರೆ! ಸದ್ಯಕ್ಕೆ ಅಂದರೆ ಬರೀ ದ ಅಲ್ವಾ. ಯಾರಮ್ಮ ಈ ಪಂಡಿತರು? ನಾವಿಬ್ಬರೂ ಸತ್ತರೂ ನಮ್ಮ ಕೈಯಲ್ಲಿ ಈ ಧ ಬರಲ್ಲ, ನೋಡಿ."

"ಭಾವ," ಅಂದಳು ಜೇಬು. "ನಿನ್ನೆ ಸಂಜೆ ಇದನ್ನ ನಿಮಗೆ ತೋರಿಸಿದೆ. ನೀವು ಕನ್ನಡಕ ಒರೆಸಿ ಎರಡು ಸಲ ನೋಡಿದ್ರಿ. ಕಾಗುಣಿತ ತಪ್ಪಿದೆ ಅಂತ ಯಾಕೆ ಹೇಳಲಿಲ್ಲ?"

"ಅವಸರದಲ್ಲಿ ನೋಡಿದೆ."

"ನೀವು? ಅವಸರದಲ್ಲಿ?"

ಮದುವೆ ಕಾಗದ ಬಂದರೆ ಊಟಕ್ಕೆ ಹೋಗುವ ಮುಂಚೆ ತಿದ್ದುವ ಮನುಷ್ಯ. ಔಷಧಿ ಚೀಟಿ, ಬಸ್ಸಿನ ಬೋರ್ಡು, ಸತ್ತವರ ಫೋಟೋದ ಕೆಳಗಿನ ಸಾಲು, ಯಾವುದನ್ನೂ ಬಿಟ್ಟವರಲ್ಲ. ಅಪ್ಪ ಅಮ್ಮ ಇಲ್ಲದ ಜೇಬು ಬೆಳೆದದ್ದು ಅವರ ಮನೆಯಲ್ಲಿ. ಅವಳ ಶಾಲೆಯ ನೋಟ್‌ಬುಕ್ಕುಗಳು ಮೇಷ್ಟರ ಕೈಗೆ ಹೋಗುವ ಮುಂಚೆ ಆ ಕೆಂಪು ಪೆನ್ಸಿಲಿನ ಕೆಳಗೆ ಹಾದು ಹೋಗುತ್ತಿದ್ದವು. ಅಕ್ಕನ ಅಂಗಡಿ ಚೀಟಿಗಳನ್ನು ಮಾತ್ರ ಭಾವ ಎಂದೂ ತಿದ್ದುತ್ತಿರಲಿಲ್ಲ. ಯಾಕೆ ಎಂದು ಒಮ್ಮೆ ಕೇಳಿದ್ದಳು. "ಅವಳು ಏಳನೇ ಕ್ಲಾಸಿಗೆ ಸ್ಕೂಲು ಬಿಟ್ಟಿದ್ದು ಯಾರಿಗೆ ಅನ್ನ ಬೇಯಿಸೋಕೆ ಅಂತ ಗೊತ್ತಾ ನಿನಗೆ?" ಎಂದಿದ್ದರು. ಮತ್ತೆ ಕೇಳಿರಲಿಲ್ಲ.

"ಭಾವ, ನನಗೆ ನಾಲ್ಕು ಗಂಟೆ ತನಕ ಮಾತ್ರ ಟೈಮಿದೆ."

"ಗೊತ್ತು ಪುಟ್ಟಿ."

"ಏನಾದ್ರೂ ಹೇಳಿ."

"ಹೇಳೋದು ಏನೂ ಇಲ್ಲ." ಅವರು ಪೆನ್ಸಿಲು ಮೇಜಿನ ಮೇಲಿಟ್ಟರು. "ಬಂದು ಕರೆದುಕೊಂಡು ಹೋಗಲಿ."

*

ಉಪಗವರ್ನರ್ ಆರನೇ ಮಹಡಿಯಲ್ಲಿ ಕಾಯುತ್ತಿದ್ದರು. ಸಣಕಲು ಮನುಷ್ಯ, ಬೆಲ್ಟಿಗೆ ಹೊಸದಾಗಿ ತೂತು ಮಾಡಿಸಿದ್ದರು. ಎಂಟು ದಿನದಲ್ಲಿ ಇಳಿದ ತೂಕ ಇರಬೇಕು. ಮೇಜಿನ ಮೇಲೆ ಒಂದು ಹಾಳೆ, ಪಕ್ಕದಲ್ಲಿ ಮುಚ್ಚಳ ತೆಗೆದ ಪೆನ್ನು.

"ನಿಮ್ಮ ವರದಿ," ಅಂದರು. "ನಾನೇ ಬರೆಸಿಟ್ಟಿದ್ದೀನಿ. ಮೂರು ಸಾಲು. ದರ ಬಿದ್ದಿಲ್ಲ, ಆದ್ದರಿಂದ ಮೆಸೇಜು ಸುಳ್ಳು, ಆದ್ದರಿಂದ ಸೋರಿಕೆ ಆಗಿಲ್ಲ. ಸಹಿ ಹಾಕಿ. ನಿಮ್ಮ ಭಾವ ಸೋಮವಾರ ಕೆಲಸಕ್ಕೆ ಬರಲಿ."

"ಸೋಮವಾರ ನಿಮಗೆ ಬೇರೆ ಕೆಲಸ ಇದೆಯಲ್ಲ ಸಾರ್."

"ಇದೆ. ಸಂಸತ್ತಿನಲ್ಲಿ ಮಸೂದೆ ಮತಕ್ಕೆ ಬರುತ್ತೆ. ದರ ಗೊತ್ತು ಮಾಡೋ ಅಧಿಕಾರ ನಮ್ಮಿಂದ ಕಿತ್ತು ಸಚಿವಾಲಯಕ್ಕೆ ಕೊಡೋ ಮಸೂದೆ. ನಮ್ಮೊಳಗಿಂದ ಒಂದು ಪದ ಸೋರಿದೆ ಅಂತ ಸಾಬೀತಾದರೆ ಸಾಕು, ಕೈ ಎತ್ತೋಕೆ ಅವರಿಗೆ ಎರಡು ನಿಮಿಷ. ಆಮೇಲೆ ಈ ಕಟ್ಟಡ ಅವರು ಹೇಳಿದ್ದಕ್ಕೆ ಠಸ್ಸೆ ಹೊಡೆಯೋ ಅಂಗಡಿ."

"ಹೊಡೆದರೆ ಏನಾಗುತ್ತೆ?"

ಅವರು ಕುರ್ಚಿಯಿಂದ ಎದ್ದರು. ಕಿಟಕಿಯ ತನಕ ಹೋಗಿ ವಾಪಸು ಬಂದರು. ಕೂರಲಿಲ್ಲ.

"ಇಲ್ಲಿ ಏನಿದೆ ಅಂದ್ಕೊಂಡಿದ್ದೀರಿ? ಚಿನ್ನವಾ? ನೆಲಮಾಳಿಗೆಯಲ್ಲಿ ಇದೆ, ಯಾರೂ ನೋಡೋಕೂ ಹೋಗಲ್ಲ. ನಾವು ನಡೆಸೋದು ಮಾತಿನ ವ್ಯಾಪಾರ. ಬೆಲೆ ಏರೋಕೆ ಬಿಡಲ್ಲ ಅಂತೀವಿ. ಜನ ನಂಬಿದರೆ ಅರ್ಧ ಕೆಲಸ ಅಲ್ಲೇ ಆಯ್ತು. ನಂಬದಿದ್ದರೆ ತಲೆಕೆಳಗಾಗಿ ನಿಂತರೂ ಆಗಲ್ಲ. ಮುತ್ತು ಒಡೆದರೆ ಹೋಯ್ತು, ಮಾತು ಆಡಿದರೆ ಹೋಯ್ತು ಅಂತಾರಲ್ಲ, ನಮ್ಮ ಹತ್ರ ಎರಡೂ ಒಂದೇ. ನಾಳೆ ಈ ಮಾತು ಚುನಾವಣೆಗೆ ನಿಲ್ಲೋರ ಬಾಯಿಗೆ ಹೋದರೆ, ಮತ ಬೇಕಾದಾಗ ದರ ಇಳಿಯುತ್ತೆ. ಗೆದ್ದ ಮೇಲೆ ಬೆಲೆ ಏರುತ್ತೆ."

"ಈಗ ಮಾತ್ರ ನಿಮ್ಮನ್ನ ಯಾರು ಆರಿಸಿದ್ದು ಸಾರ್?" ಜೇಬು ಕೇಳಿದಳು. ಕೇಳಬೇಕೆಂದು ಬಂದಿರಲಿಲ್ಲ, ಬಾಯಿಗೆ ಬಂದುಬಿಟ್ಟಿತು. "ನೀವು ಆರು ಜನ ಬಾಗಿಲು ಹಾಕ್ಕೊಂಡು ಕೂತು ಮೂರು ವರ್ಷದಲ್ಲಿ ಆರು ಸಲ ದರ ಏರಿಸಿದ್ರಿ. ಭಾವ ನಿವೃತ್ತಿ ಆದ ಮೇಲೆ ಇರೋಕೆ ಅಂತ ನಮ್ಮಕ್ಕ ಕೊಂಡ ಎರಡು ರೂಮಿನ ಮನೆಯ ಕಂತು ಆರು ಸಲ ಏರಿತು. ಅವಳನ್ನ ಯಾರು ಕೇಳಿದ್ರು?"

"ಯಾರೂ ಕೇಳಲಿಲ್ಲ." ಉಪಗವರ್ನರ್ ಈಗ ಕೂತರು. "ನ್ಯಾಯವಾದ ಪ್ರಶ್ನೆ. ಸೋಮವಾರ ಅದನ್ನೇ ಕೇಳ್ತಾರೆ. ನನ್ನ ಹತ್ರ ಉತ್ತರ ಇದೆ. ಆದರೆ ಕಳ್ಳ ಅನ್ನಿಸಿಕೊಂಡವನು ಹೇಳೋ ಉತ್ತರ ಯಾರು ಕೇಳ್ತಾರೆ? ಸಹಿ ಹಾಕಿ ಇನ್ಸ್‌ಪೆಕ್ಟರ್."

ಪೆನ್ನು ಅವಳ ಕಡೆ ಉರುಳಿತು. ಅವಳು ಅದನ್ನು ತಡೆದಳು, ಎತ್ತಲಿಲ್ಲ.

"'ಬಿದ್ದಿದೆ' ಅಂದರೆ ಏನು ಅಂತ ನಿಮಗೆ ಗೊತ್ತಾ ಸಾರ್?"

ಅವರು ಪೆನ್ನಿನ ಮುಚ್ಚಳ ಹುಡುಕತೊಡಗಿದರು. ಅದೇ ಉತ್ತರ.

"ಆ ಪದ ಹೊಡೆದ ಹಾಳೆ ಅವತ್ತು ಬೆಳಿಗ್ಗೆ ಪ್ರೂಫ್ ಕೋಣೆಗೆ ತಗೊಂಡು ಹೋಗಿದ್ದು ನೀವೇ," ಅಂದಳು. "ಆ ಅಮ್ಮ ಓದೋದನ್ನ ಕೇಳಿದ್ದೀರಿ. ಮೆಸೇಜು ನಿಜ ಅಂತ ಮೊದಲನೇ ದಿನದಿಂದ ಗೊತ್ತು."

"ಗೊತ್ತು."

"ಎಂಟು ದಿನ ಬಾಯಿ ಬಿಡಲಿಲ್ಲ."

"ಬಿಟ್ಟಿದ್ದರೆ ನಿಮ್ಮ ಭಾವ ಎಂಟು ದಿನದ ಹಿಂದೆಯೇ ಒಳಗಿರ್ತಿದ್ದರು. ನೀವು ನನಗೆ ಥ್ಯಾಂಕ್ಸ್ ಹೇಳಬೇಕು."

"ಅಥವಾ ನೀವು ಒಳಗಿರ್ತಿದ್ರಿ. ಆ ಕೋಣೆಯಲ್ಲಿ ಇದ್ದದ್ದು ಮೂರು ಜನ. ಹೊರಗೆ ಬಂದದ್ದು ನೀವೊಬ್ಬರೇ." ಹಾಳೆಯನ್ನು ಮಗುಚಿ ಅವರ ಮುಂದಿಟ್ಟಳು. "ಸಹಿ ಆಮೇಲೆ. ಮೊದಲು ನೀವು ಬರೀರಿ. 'ಸದ್ಯಕ್ಕೆ ಬಿದ್ದಿದೆ.'"

ಅವರು ನಕ್ಕರು. ಬರೆದು ತಿರುಗಿಸಿ ತೋರಿಸಿದರು. ಸದ್ಯಕ್ಕೆ. ಹೊಟ್ಟೆ ಸೀಳದ, ಸಭ್ಯ ದ.

"ಅರ್ಧ ದೇಶ ಆ ಪದ ತಪ್ಪಾಗೇ ಬರೆಯುತ್ತೆ. ನಾನು ಇನ್ನರ್ಧ. ಇಷ್ಟಕ್ಕೂ ಹತ್ತು ಗಂಟೆಯಿಂದ ನಾನೂ ಗವರ್ನರೂ ಟೀವಿಯವರ ಎದುರು ಕೂತಿದ್ವಿ. ಮುಖಕ್ಕೆ ಪೌಡರು ಹಚ್ಚಿದ ಹೆಣ್ಣುಮಗಳಿಂದ ಹಿಡಿದು ಇಪ್ಪತ್ತು ಜನ ನೋಡಿದ್ದಾರೆ. ನೀವೇ ವಿಚಾರಿಸಿದ್ದೀರಿ."

ವಿಚಾರಿಸಿದ್ದಳು. ಸುಳ್ಳಲ್ಲ.

"ಹಾಗಾದರೆ ಅದು ಹೊರಗೆ ಬಂದದ್ದು ಹೇಗೆ?" ಉಪಗವರ್ನರ್ ಈಗ ಅವಳನ್ನೇ ಕೇಳಿದರು. ದನಿಯಲ್ಲಿ ಸೋಗು ಇರಲಿಲ್ಲ. "ಬಾಗಿಲಿಗೆ ಬೀಗ. ಫೋನಿಲ್ಲ. ಕಾಗದ ಹೊರಗೆ ಬಂದಿಲ್ಲ. ನಿದ್ದೆ ಬಿಟ್ಟು ಯೋಚಿಸಿದ್ದೀನಿ."

ಜೇಬು ಅವರು ಬರೆದ ಸಾಲನ್ನೇ ನೋಡುತ್ತಿದ್ದಳು. ಕಾಗದ ನೋಡಿ ಬರೆದವರಿಗೆ ದ ಕಣ್ಣಿಗೆ ಬಿದ್ದಿರುತ್ತದೆ. ಹಾಗೇ ಇಳಿಸುತ್ತಾರೆ. ತಪ್ಪುವುದು ಯಾರು? ಕಾಗದ ನೋಡದವರು.

"ಕಾಗದ ಹೊರಗೆ ಬಂದಿಲ್ಲ ಸಾರ್," ಅಂದಳು. "ಬರೆದವರು ಓದಿ ಬರೆದಿಲ್ಲ. ಕೇಳಿ ಬರೆದಿದ್ದಾರೆ."

ಸಹಿ ಇಲ್ಲದ ಹಾಳೆಯನ್ನು ಅಲ್ಲೇ ಬಿಟ್ಟು, ಲಿಫ್ಟಿಗೂ ಕಾಯದೆ ಮೆಟ್ಟಿಲು ಇಳಿದಳು.

*

ಪ್ರೂಫ್ ಕೋಣೆಯ ಬಾಗಿಲಲ್ಲಿ ತಲೆ ಹಾಕಿ, "ಮತ್ತೆ ಓದಿ. ನಾನು ಬಂದು ನಿಲ್ಲಿಸಿ ಅನ್ನೋ ತನಕ ಓದ್ತಾನೇ ಇರಿ. ಅದೇ ಗಂಟಲು," ಅಂದಳು. ಭಾವ ಎದ್ದು ನಿಂತರು. ಏನೋ ಹೇಳಲು ಹೋದರು. ಅವಳು ಬಾಗಿಲು ಎಳೆದುಕೊಂಡಳು.

ಕೋಣೆಯ ಹಿಂಗೋಡೆಯ ಆಚೆ ಒಂದು ಓಣಿಯಂಥ ಪಡಸಾಲೆ. ಸಾಹೇಬರುಗಳ ಡ್ರೈವರುಗಳು ಕಾಯುವ ಜಾಗ. ಮರದ ಬೆಂಚೊಂದು ಗೋಡೆಗೆ ಅಂಟಿಕೊಂಡಿತ್ತು. ಅದರ ನೇರ ಮೇಲೆ, ಸೂರಿನ ಹತ್ತಿರ, ಅದೇ ಗಾಳಿಕಿಂಡಿಯ ಈ ಬದಿ.

ಜೇಬು ಬೆಂಚಿನ ಮೇಲೆ ಕೂತಳು.

"ಏರಿಸುವ ಅಗತ್ಯ," ತಲೆಯ ಮೇಲಿಂದ ಓದಮ್ಮನ ದನಿ ಇಳಿಯಿತು. "ಸದ್ಯಕ್ಕೆ ಬಿದ್ದಿದೆ, ಕಾಣುತ್ತಿಲ್ಲ, ಚುಕ್ಕೆ."

ಕಿವಿಯಲ್ಲಿ ಬಾಯಿಟ್ಟು ಹೇಳಿದ ಹಾಗಿತ್ತು. ಬಾಗಿಲಿಗೆ ಬೀಗ ಹಾಕಿ, ಫೋನು ಕಿತ್ತುಕೊಂಡು, ಊಟ ಕೆದಕಿ ನೋಡಿದ ಬ್ಯಾಂಕಿನವರು ಗೋಡೆಗೆ ಕಿವಿ ಇರುತ್ತದೆ ಎಂಬ ಗಾದೆಯನ್ನು ಮಾತ್ರ ಮರೆತಿದ್ದರು.

"ಆ ಅಮ್ಮ ಶುರು ಮಾಡಿದ್ರೆ ನಂಗೆ ತೂಕಡಿಕೆ ಬರುತ್ತೆ ಮೇಡಂ," ಅಂದ ಪಡಸಾಲೆಯ ಕಾವಲಿನವನು. ಸ್ಟೂಲಿನಿಂದ ಅರ್ಧ ಎದ್ದಿದ್ದ. "ರೇಡಿಯೋ ಇದ್ದ ಹಾಗೆ. ಅರ್ಥ ಆಗಲ್ಲ, ಆದ್ರೂ ಹಿತವಾಗಿರುತ್ತೆ."

"ಎಂಟು ದಿನದ ಹಿಂದೆ, ಹತ್ತರಿಂದ ಹತ್ತೂವರೆ. ಈ ಬೆಂಚಲ್ಲಿ ಯಾರಿದ್ರು?"

"ಯಾರೂ ಇಲ್ಲ. ಹೇಳಿಕೆ ದಿನ ಡ್ರೈವರುಗಳನ್ನೆಲ್ಲ ಗೇಟಿನ ಆಚೆ ಅಟ್ಟಿರ್ತೀವಿ. ಪೊಲೀಸ್ ಬಂದೋಬಸ್ತು ಬೇರೆ. ನೊಣ ಸುಳಿಯಲ್ಲ."

"ಸರಿಯಾಗಿ ಯೋಚನೆ ಮಾಡಿ."

"ಯಾರೂ ಇಲ್ಲ ಮೇಡಂ. ಡಬ್ಬಿಯಮ್ಮ ಬಿಟ್ಟರೆ."

"ಡಬ್ಬಿಯಮ್ಮ?"

"ಪ್ರೂಫ್ ಸಾಹೇಬರಿಗೆ ಸಕ್ಕರೆ ಕಾಯಿಲೆ ಅಲ್ವಾ? ಟೈಮಿಗೆ ತಿನ್ನಬೇಕು, ಕ್ಯಾಂಟೀನಿಂದು ಆಗಲ್ಲ. ಹತ್ತಕ್ಕೆ ಮನೆಯವರು ಡಬ್ಬಿ ತರ್ತಾರೆ. ತೆರೆದು ನೋಡಿ ಒಳಗೆ ಕಳಿಸ್ತೀವಿ. ಖಾಲಿ ಡಬ್ಬಿ ಬರೋ ತನಕ ಪಾಪ ಇಲ್ಲೇ ಕೂತಿರ್ತಾರೆ."

ಜೇಬು ರಿಜಿಸ್ಟರು ಎಳೆದುಕೊಂಡು ಹಾಳೆ ತಿರುವಿದಳು. ಆ ದಿನದ ಪುಟದಲ್ಲಿ ಒಂದೇ ಸಾಲು: ಊಟದ ಡಬ್ಬಿ, ಒಂದು.

"ಹೆಸರೆಲ್ಲಿ?"

"ಇಪ್ಪತ್ತು ವರ್ಷದಿಂದ ಬರೋರಿಗೆ ಎಂಥ ಹೆಸರು ಮೇಡಂ?"

"ಅವರ ಹತ್ರ ಫೋನಿತ್ತಾ?"

"ಒಳಗೆ ಹೋಗೋರ ಫೋನು ತಗೋತೀವಿ. ಅವರು ಒಳಗೆ ಹೋಗಲ್ವಲ್ಲ." ಅವನ ಮುಖ ನಿಧಾನವಾಗಿ ಬದಲಾಯಿತು. "ಯಾಕೆ ಮೇಡಂ? ನಿಮಗೆ ಅವರು ಗೊತ್ತಾ?"

ಜೇಬು ರಿಜಿಸ್ಟರು ಮುಚ್ಚಿದಳು. ಮೂರು ಗಂಟೆ ಹತ್ತು ನಿಮಿಷ.

ಗೋಡೆಯೊಳಗಿಂದ ಓದಮ್ಮ ಇನ್ನೂ ಓದುತ್ತಲೇ ಇದ್ದರು.

*

ಬ್ಯಾಂಕಿನ ವಸತಿಗೃಹ ಹಿಂದಿನ ಬೀದಿಯಲ್ಲಿ. ನಡೆದರೆ ಹತ್ತು ನಿಮಿಷ. ಜೇಬು ಆರು ನಿಮಿಷದಲ್ಲಿ ನಡೆದಳು. ಆಮೇಲೆ ಕೆಳಗಿನ ಮೆಟ್ಟಿಲ ಹತ್ತಿರ ಸುಮ್ಮನೆ ನಿಂತಳು.

ಅಕ್ಕನಿಗೆ 'ಬಿದ್ದಿದೆ' ಗೊತ್ತು. ಇಪ್ಪತ್ತಾರು ವರ್ಷ ಆ ಭಾಷೆಯ ಜೊತೆ ಸಂಸಾರ ಮಾಡಿದವಳು. ಅಕ್ಕನಿಗೆ ಕಂತೂ ಗೊತ್ತು. ಅಕ್ಕ ಸದ್ಯಕ್ಕೆ ಎಂದು ಹೇಗೆ ಬರೆಯುತ್ತಾಳೆ? ನೆನಪಾಗಲಿಲ್ಲ. ಸಾವಿರ ಚೀಟಿ ಅಂಗಡಿಗೆ ಹೊತ್ತವಳು, ಒಂದರ ಅಕ್ಷರವೂ ನೆನಪಾಗಲಿಲ್ಲ.

ಮೂರನೇ ಮಹಡಿ. ಬಾಗಿಲಿಗೆ ಹಾಲಿನವನಿಗೆಂದು ಅಂಟಿಸಿದ ಚೀಟಿ, ಅಕ್ಕನ ದುಂಡನೆಯ ಕೈಬರಹ. ವಾರದಿಂದ ಅಲ್ಲೇ ಇದ್ದದ್ದು, ಅಂಚು ಮುದುಡಿತ್ತು. *ಸಧ್ಯಕ್ಕೆ ಅರ್ಧ ಲೀಟರ್ ಸಾಕು.*

ಅಲ್ಲ. ಹಾಗೆ ಇತ್ತು. ಈಗ ಹಾಗಿಲ್ಲ.

ಧ ಅಕ್ಷರದ ಹೊಟ್ಟೆಯ ಸೀಳಿನ ಮೇಲೆ ಒಂದು ಚಿಕ್ಕ ಕೆಂಪು ಗೀಟು. ಬದಿಯಲ್ಲಿ, ಅಚ್ಚುಕಟ್ಟಾಗಿ, ಕೆಂಪು ಪೆನ್ಸಿಲಿನಲ್ಲಿ, ದ.

ಹರಿದು ಬಿಸಾಕಬಹುದಿತ್ತು. ಬೇರೆ ಯಾರೇ ಆಗಿದ್ದರೂ ಹರಿದು ಬಿಸಾಕುತ್ತಿದ್ದರು. ಆ ಮನುಷ್ಯನಿಗೆ ತಿದ್ದುವುದು ಬಿಟ್ಟು ಬೇರೆ ಬರುತ್ತಿರಲಿಲ್ಲ.

ಒಳಗೆ ಔಷಧಿ ಡಬ್ಬಿಯ ಮೇಲೆ ಕೆಂಪು. ಕ್ಯಾಲೆಂಡರಿನ ಮೇಲೆ ಕೆಂಪು. ಅಡುಗೆಮನೆಯ ಅಂಗಡಿ ಪಟ್ಟಿಯ ಮೇಲೆ ನಾಲ್ಕು ಕಡೆ ಕೆಂಪು.

"ನೋಡಿದ್ಯಾ?" ಅಕ್ಕ ಒಲೆಯ ಕಡೆಯಿಂದ ತಿರುಗದೆಯೇ ಅಂದಳು. "ಬೆಳಿಗ್ಗೆ ಹೊರಡೋಕೆ ಮುಂಚೆ ಮನೆ ಎಲ್ಲಾ ತಿದ್ದಿಟ್ಟು ಹೋದರು. ಇಪ್ಪತ್ತಾರು ವರ್ಷ ಬಾಯಿ ಮುಚ್ಕೊಂಡಿದ್ದು ಇವತ್ತು ನೆನಪಾಯ್ತು ನೋಡು, ನನ್ನ ಕಾಗುಣಿತ. ಊಟ ಆಯ್ತಾ ನಿಂದು?"

ಭಾವ ನಿನ್ನೆ ಸಂಜೆಯೇ ಕಂಡುಹಿಡಿದಿದ್ದರು. ಎರಡು ಸಲ ನೋಡಿ, ಹೆಂಡತಿಯ ಧ ಗುರುತು ಹಿಡಿದು, ಬಾಯಿಗೆ ಬೀಗ ಹಾಕಿಕೊಂಡಿದ್ದರು. ಬಂದು ಕರೆದುಕೊಂಡು ಹೋಗಲಿ.

"ಅಕ್ಕ." ಜೇಬು ಕುರ್ಚಿ ಎಳೆದಳು, ಕೂರಲಿಲ್ಲ. "ಹೋದ ವಾರ ಡಬ್ಬಿ ತಗೊಂಡು ಹೋಗಿದ್ಯಲ್ಲ. ಆ ಬೆಂಚಲ್ಲಿ ಕೂತು ಯಾರಿಗಾದ್ರೂ ಮೆಸೇಜು ಕಳಿಸಿದ್ಯಾ?"

"ನಾನಾ? ನನ್ನ ಫೋನು ಕೆಟ್ಟು ತಿಂಗಳಾಯ್ತು. ರಿಪೇರಿಗೆ ಕೊಡು ಅಂತ ನಿನಗೇ ಹೇಳಿದ್ದೆ."

ಹೇಳಿದ್ದಳು. ಆ ಫೋನು ಜೇಬುವಿನ ಮೇಜಿನ ಡ್ರಾಯರಿನಲ್ಲೇ ಇತ್ತು, ರಿಪೇರಿಗೆ ಹೋಗಿರಲಿಲ್ಲ. ಮೊದಲ ಬಾರಿಗೆ ತನ್ನ ಸೋಮಾರಿತನದ ಮೇಲೆ ಅವಳಿಗೆ ಪ್ರೀತಿ ಬಂತು.

"ಹಾಗಾದರೆ ನೀನು ಏನೂ ಬರೀಲಿಲ್ಲ."

"ಬರೀಲಿಲ್ಲ." ಅಕ್ಕ ಸೌಟು ಕೆಳಗಿಟ್ಟಳು. "ಬೇರೆಯವರದ್ದು ಒತ್ತಿಕೊಟ್ಟೆ ಅಷ್ಟೆ."

"ಯಾರದ್ದು?"

"ಯಾರೋಪ್ಪ. ಪಕ್ಕ ಬಂದು ಕೂತರು, ದೊಡ್ಡ ಮನುಷ್ಯರ ಹಾಗಿದ್ದರು. ಆ ಕಾವಲಿನವನು ಎದ್ದು ಸಲಾಮು ಬೇರೆ ಹೊಡೆದ. ಮೇಲೆ ಓದಮ್ಮ ಓದ್ತಾ ಇದ್ದರು, ಇವರು ಕಿವಿ ಕೊಟ್ಟು ಕೂತಿದ್ದರು. ಆಮೇಲೆ ಫೋನು ನನ್ನ ಕೈಗೆ ಕೊಟ್ಟು, 'ಕನ್ನಡಕ ಮರೆತು ಬಂದೆ ತಾಯಿ, ಎರಡು ಪದ ಒತ್ತಿಕೊಡಿ' ಅಂದರು. ಒತ್ತಿಕೊಟ್ಟೆ. ಅದರಲ್ಲೇನಿದೆ?"

ಎದ್ದು ಸಲಾಮು ಹೊಡೆದ. 'ಯಾರೂ ಇಲ್ಲ' ಎಂದವನು ಸುಳ್ಳು ಹೇಳಿರಲಿಲ್ಲ. ಬಂದೋಬಸ್ತಿಗೆ ಬಂದ ಪೊಲೀಸರನ್ನು ಅವನು ಲೆಕ್ಕಕ್ಕೇ ಹಿಡಿದಿರಲಿಲ್ಲ.

ಕನ್ನಡಕ ಮರೆತು ಬಂದೆ.

ಇನ್ನೊಂದು ಸಲ ಓದಿ ಹೇಳು.

ಜೇಬುವಿನ ಕೈಯಲ್ಲಿದ್ದ ಫೋನು ಅದುರಿತು. ನಾಲ್ಕಕ್ಕೆ ಇನ್ನೂ ಇಪ್ಪತ್ತು ನಿಮಿಷವಿತ್ತು. ಪರದೆಯ ಮೇಲೆ ಸಾಹೇಬರ ಫೋಟೋ ಮೂಡಿತು, ವಿಭಾಗಕ್ಕೆ ಸೇರಿದ ದಿನ ಅವಳೇ ತೆಗೆದದ್ದು. ಕನ್ನಡಕವಿಲ್ಲದ ನಗುಮುಖ.

ಭಾವ ಇನ್ನೂ ಬ್ಯಾಂಕಿನಲ್ಲೇ ಇದ್ದರು. ಆ ಕೋಣೆಯಲ್ಲಿ. ಬಾಯಿಗೆ ಬೀಗ ಹಾಕಿಕೊಂಡು, ಯಾವ ತಪ್ಪನ್ನಾದರೂ ಒಪ್ಪಿಕೊಳ್ಳಲು ಸಿದ್ಧರಾಗಿ.

ಅಕ್ಕ ಸೆರಗಿಗೆ ಕೈ ಒರೆಸಿಕೊಳ್ಳುತ್ತಾ ಹತ್ತಿರ ಬಂದಳು. ತಂಗಿಯ ಭುಜದ ಮೇಲಿಂದ ಬಗ್ಗಿ ಪರದೆ ನೋಡಿದಳು.

"ಅರೆ," ಅಂದಳು. "ಇವರೇ ಕಣೇ."